ಹೊಳೆ ದಾಟುವ ಹೆಸರು

"ಇನ್ನೊಂದು ಸಲ ಕರೆಯಿರಿ, ಗೌಡರೆ," ಎಂದ ಕರೀಮ್, ಕ್ಯಾಮೆರಾದ ಕಿಂಡಿಯಿಂದ ಕಣ್ಣು ತೆಗೆಯದೆ.

ಅಮೃತಪ್ಪ ಗೌಡರು ಗಂಟಲು ಸರಿಪಡಿಸಿಕೊಂಡು, ಜರಿಯಂಚಿನ ರುಮಾಲನ್ನು ಮತ್ತೊಮ್ಮೆ ಒತ್ತಿ ಕೂರಿಸಿಕೊಂಡರು. ಎದೆ ಸೆಟೆಸಿ, ಕಾಗಿಣಾ ಹೊಳೆಯ ಆಚೆ ಕಾಣುವ ತಮ್ಮ ಊರು ಕಾಗಿಹಾಳದ ಕಡೆಗೆ ಮುಖ ಮಾಡಿ, "ಮರೆಮ್ಮೋ... ಗೌಡರ ಮನೀ..." ಎಂದು ಕೂಗಿದರು. ಕೂಗು ಅರ್ಧ ಹೊಳೆಗೂ ಮುಟ್ಟದೆ ಕೆಮ್ಮಾಗಿ ಮುಗಿಯಿತು. ಅವರದೇನೂ ತಪ್ಪಿಲ್ಲ. ಹುಟ್ಟಿದಾಗಿನಿಂದ ಅವರು ಹರಿಗೋಲನ್ನು ಬಾಯಿಬಿಟ್ಟು ಕರೆದವರೇ ಅಲ್ಲ. ಕರೆಯುವುದಕ್ಕೆ ಜತೆಗೆ ಆಳಿರುತ್ತಿದ್ದ.

"ಆಳಿಗಿ ಒದರ್ಲಿಕ್ಕೆ ಹೇಳ್ಲೇನ್ರಿ ಸಾಹೇಬ್ರ? ನಾ ಬರೇ ಬಾಯಿ ತೆಗದು ನಿಂದರ್ತೀನಿ. ಮಾರಿ ನಂದು, ದನಿ ಅವಂದು."

ದನಿ ಹಿಡಿಯುವ ಪೆಟ್ಟಿಗೆಯ ಮುಂದೆ ಕುಕ್ಕರಗಾಲಿನಲ್ಲಿ ಕುಳಿತಿದ್ದ ಅಂಬರಾಯ ಕಿಸಕ್ಕನೆ ನಕ್ಕ. ಶಹಾಬಾದಿನ ಟೂರಿಂಗ್ ಟಾಕೀಸಿನಲ್ಲಿ ತಲೆ ನರೆಯುವ ತನಕ ಯಂತ್ರ ನಡೆಸಿದವನು, ಈಗ ಕರೀಮನ ಎಡಗೈ ಬಲಗೈ ಎರಡೂ ಆಗಿದ್ದ. "ತಪ್ಪೇನದರಿ ಗೌಡ್ರ, ಸಿನಿಮಾದಾಗ ಹಾಡೋರೆಲ್ಲ ಮಾಡೋದು ಅದನ್ನೇ," ಎಂದ.

"ಬೇಡ," ಎಂದ ಕರೀಮ್. "ನಿಮ್ಮ ಮನೆಯ ಹೆಸರು ನಿಮ್ಮ ಬಾಯಿಂದಲೇ ಬರಬೇಕು. ಕೆಮ್ಮಿದರೂ ಚಿಂತೆಯಿಲ್ಲ."

ಗೌಡರು ಮತ್ತೆ ಕೂಗಿದರು, ಮತ್ತೆ ಕೆಮ್ಮಿದರು. ಕರೀಮ್ ಆ ಕೆಮ್ಮನ್ನೂ ಬಿಡದೆ ತೆಗೆದುಕೊಂಡ.

ದಸರೆ ಹಬ್ಬದ ದಿನಗಳು. ಮುಂದಿನ ತಿಂಗಳು ಹುಟ್ಟುವ ಹೊತ್ತಿಗೆ ಹೈದರಾಬಾದ್ ರಾಜ್ಯ ಎಂಬುದು ಇರುವುದಿಲ್ಲ, ಕನ್ನಡದವರೆಲ್ಲ ಒಂದೇ ರಾಜ್ಯದವರಾಗುತ್ತಾರೆ ಎಂದು ಊರೂರಲ್ಲಿ ಮಾತು. ಆ ಸಂಭ್ರಮಕ್ಕೆಂದೇ ಹೈದರಾಬಾದಿನಲ್ಲಿದ್ದ ಕರೀಮನ ಮೇಲಧಿಕಾರಿಗಳು ಅವನಿಗೊಂದು ಸಣ್ಣ ಚಿತ್ರ ತೆಗೆಯಲು ಹೇಳಿದ್ದರು. ಹೊಲ ತೋರಿಸು, ಶಹಾಬಾದಿನ ಕಲ್ಲಿನ ಗಣಿ ತೋರಿಸು, ವಾಡಿ ಜಂಕ್ಷನ್ನಿನಲ್ಲಿ ಹೊಗೆ ಬಿಡುವ ರೈಲು ತೋರಿಸು, ಕೊನೆಗೆ ನಗುವ ಮಕ್ಕಳನ್ನು ತೋರಿಸು. ಕರೀಮ್ ಅದನ್ನೆಲ್ಲ ಎಡಗೈಯಲ್ಲಿ ಮುಗಿಸಿ, ಉಳಿದ ರೀಲುಗಳನ್ನು ಹೊತ್ತುಕೊಂಡು ಚಿತ್ತಾಪುರದ ದಾರಿ ಹಿಡಿದು ಈ ಹೊಳೆದಂಡೆಗೆ ಬಂದಿದ್ದ. ನಿಜವಾದ ಚಿತ್ರ ಇಲ್ಲಿದೆ ಎನ್ನುವುದರಲ್ಲಿ ಅವನಿಗೆ ಎಳ್ಳಷ್ಟೂ ಅನುಮಾನವಿರಲಿಲ್ಲ. ತನ್ನ ಕೆಲಸದ ಮಟ್ಟಿಗೆ ಅವನು ಅನುಮಾನ ಪಡುವ ಪೈಕಿಯೇ ಅಲ್ಲ.

ಕಾಗಿಹಾಳಕ್ಕೆ ಸೇತುವೆಯಿಲ್ಲ. ಹರಿಗೋಲು ಯಾವಾಗಲೂ ಊರ ಕಡೆಯ ಹುಣಸೆಮರದ ಕೆಳಗಿರುತ್ತದೆ. ಅದನ್ನು ನಡೆಸುವ ಮರೆಮ್ಮನ ಗುಡಿಸಲೂ ಅಲ್ಲೇ. ಪೇಟೆಯಿಂದ ಮರಳಿದವರು ಈಚೆ ದಡದಲ್ಲಿ ನಿಂತು ತಮ್ಮ ಮನೆಯ ಹೆಸರು ಹಿಡಿದು ಕೂಗಬೇಕು. ಸ್ವಂತ ಹೆಸರಲ್ಲ, ಮನೆಯದು. ಬಾವಿಕಟ್ಟಿ ಮನಿ, ಮ್ಯಾಗಿನ ಮನಿ, ಮಠದ ಮನಿ. ಆಚೆ ದಡದಲ್ಲಿ ಬಟ್ಟೆ ಒಗೆಯುವವರೋ ಎತ್ತಿನ ಮೈ ತೊಳೆಯುವವರೋ ಯಾರಾದರೊಬ್ಬರು "ಓ" ಎಂದು ಓಗೊಡಬೇಕು. ಓಗೊಟ್ಟರೆ ಆ ಮನೆ ನಮ್ಮದು ಎಂದು ಊರು ಒಪ್ಪಿದ ಹಾಗೆ. ಆಮೇಲೆಯೇ ಮರೆಮ್ಮ ಹುಟ್ಟು ಕೈಗೆತ್ತಿಕೊಳ್ಳುವುದು. ಪರಊರಿನವರು ಚಪ್ಪಾಳೆ ತಟ್ಟಿ, ಶಿಳ್ಳೆ ಹಾಕಿ ಕಾಯಬೇಕು. ಅವಳಿಗೆ ಮನಸ್ಸಾದಾಗ ಬರುತ್ತಾಳೆ. ಹರಿಗೋಲಿನಲ್ಲೂ ಅದೇ ಲೆಕ್ಕ. ಊರ ಮನೆಯವರು ಅಂಚಿಗೆ ಕುಳಿತು, ತಳದಲ್ಲಿ ಜಿನುಗುವ ನೀರನ್ನು ಸೋರೆ ಬುರುಡೆಯಿಂದ ಮೊಗೆದು ಚೆಲ್ಲಬೇಕು. ಪರಊರಿನವರು ಸಾಮಾನಿನ ಜತೆ ನಡುವೆ ಕುಳಿತು ಗಟ್ಟಿಯಾಗಿ ಹಿಡಿದುಕೊಂಡಿದ್ದರೆ ಸಾಕು.

ಈ ಕೂಗುಗಳನ್ನೇ ಕರೀಮ್ ಚಿತ್ರ ಮಾಡಲು ಹೊರಟಿದ್ದ. ಒಂದಾದ ಮೇಲೊಂದು ಮುಖ, ಒಂದೊಂದು ಮುಖಕ್ಕೂ ಒಂದು ಮನೆಯ ಹೆಸರು, ಕೊನೆಗೆ ನೀರಿನ ಮೇಲೆ ತಿರುಗುತ್ತ ಬರುವ ಹರಿಗೋಲು. ಅವನ ಕೆಲಸದ ರೀತಿಯೇ ಬೇರೆ. ಊರಿಗೆ ಬಂದು ವಾರವಾದರೂ ಕ್ಯಾಮೆರಾವನ್ನು ಪೆಟ್ಟಿಗೆಯಿಂದ ತೆಗೆದಿರಲಿಲ್ಲ. ಕಟ್ಟೆಯ ಮೇಲೆ ಕುಳಿತ, ಜೋಳದ ರೊಟ್ಟಿ ಪುಂಡಿಪಲ್ಲೆ ಉಂಡ, ಮುದುಕರ ಕೀಲುನೋವಿನ ಕಥೆ ಕೇಳಿದ. ಆಮೇಲೆ ಕ್ಯಾಮೆರಾ ತೆಗೆದು ಮೊದಲು ಅವರ ಕೈಗೇ ಕೊಟ್ಟ. ಕಿಂಡಿಯಲ್ಲಿ ಒಬ್ಬರನ್ನೊಬ್ಬರು ನೋಡಿ ನಕ್ಕು ಹಗುರಾದ ಮೇಲೆಯೇ ಅವರೆದುರು ನೆಲದ ಮೇಲೆ ಕುಳಿತು, ಅವರ ಕಣ್ಣಿನ ಎತ್ತರಕ್ಕೇ ಕ್ಯಾಮೆರಾ ಹಿಡಿದು, "ನೀವು ಯಾರು, ಯಾವ ಮನೆಯವರು?" ಎಂದು ಕೇಳುತ್ತಿದ್ದ. ಜನ ನೆಂಟನಿಗೆ ಹೇಳುವ ಹಾಗೆ ಹೇಳುತ್ತಿದ್ದರು.

ಅವನು ಮಾತ್ರ ಒಂದು ಮಾತು ಹೇಳಿರಲಿಲ್ಲ. ಅವನು ಹುಟ್ಟಿದ್ದೂ ಇದೇ ಊರಿನಲ್ಲಿ.

ಹತ್ತಿ ಹಿಂಜಿ ಗಾದಿ ಹೊಲಿಯುತ್ತಿದ್ದ ಪಿಂಜಾರ ನಬೀಸಾಬನ ಮಗ ಅವನು. ಎಳೆಯವನಿದ್ದಾಗಲೇ ಸೋದರಮಾವನ ಜತೆ ಹೈದರಾಬಾದಿಗೆ ಓದಲು ಹೋದವನು ಮುಂಬಯಿ ಸೇರಿ ಕ್ಯಾಮೆರಾದ ಕೆಲಸ ಕಲಿತ. ನಲವತ್ತೆಂಟರ ಗದ್ದಲದಲ್ಲಿ ಅಪ್ಪ ನಬೀಸಾಬ್, ಅವ್ವ ಇಮಾಮ್ಬೀ ಜೀವ ಕೈಯಲ್ಲಿ ಹಿಡಿದು ಊರು ಬಿಟ್ಟರು. ಪೊಲೀಸ್ ಕಾರ್ಯಾಚರಣೆ ಮುಗಿದು ಎಲ್ಲ ತಣ್ಣಗಾಯಿತು ಎಂದಾಗ, ಅವ್ವನನ್ನು ಹೈದರಾಬಾದಿನಲ್ಲಿ ಬಿಟ್ಟು ಅಪ್ಪ ಒಬ್ಬನೇ ಮರಳಿ ಬಂದ. ಈಗ ಗೌಡರು ನಿಂತು ಕೆಮ್ಮಿದರಲ್ಲ, ಅದೇ ಜಾಗದಲ್ಲಿ ನಿಂತು "ಪಿಂಜಾರ ಮನೀ" ಎಂದು ಕೂಗಿದ. ಆಚೆ ದಡದಲ್ಲಿ ಜನರಿದ್ದರು. ಯಾರೂ ಓಗೊಡಲಿಲ್ಲ. ಹೊತ್ತು ಇಳಿಯುವ ತನಕ ಕೂಗಿ, ಬಂದ ದಾರಿಯಲ್ಲೇ ಹೈದರಾಬಾದಿಗೆ ಹೋದವನು ಎರಡು ವರ್ಷವೂ ಬದುಕಲಿಲ್ಲ. "ಕರೆದೆ, ಬೇಟಾ. ಯಾರೂ ಓ ಅನ್ಲಿಲ್ಲ," ಎನ್ನುವುದೊಂದನ್ನೇ ಮಗನಿಗೆ ಬಿಟ್ಟು ಹೋದ.

ಆ ಮಾತೇ ಕರೀಮನನ್ನು ಇಲ್ಲಿಗೆ ಎಳೆದು ತಂದದ್ದು. ಆದರೆ ದಪ್ಪ ಕನ್ನಡಕ, ಮೀಸೆ, ಟೋಪಿಯ ಹಿಂದೆ ಅವನು ಹೈದರಾಬಾದಿನ ಕರೀಮ್ ಸಾಹೇಬನಾಗಿಯೇ ಉಳಿದ. ಹೇಳಿಕೊಂಡರೆ ಜನ ತನ್ನೆದುರು ನಾಚಿಕೊಳ್ಳುತ್ತಾರೆ, ಮುಖಗಳು ಬಿಗಿಯುತ್ತವೆ, ಚಿತ್ರ ಕೆಡುತ್ತದೆ ಎಂದು ತನಗೇ ಸಮಜಾಯಿಷಿ ಕೊಟ್ಟುಕೊಂಡಿದ್ದ. ಅದು ಪೂರ್ತಿ ಸುಳ್ಳೂ ಅಲ್ಲ. ಗೌಡರು ತಮ್ಮ ಪಡಸಾಲೆಯಲ್ಲಿ ಅವನಿಗೆ ಹಾಸಿಕೊಟ್ಟ ಗಾದಿಯ ಮೂಲೆಯಲ್ಲಿ ಅಪ್ಪನ ಹೊಲಿಗೆಯಿತ್ತು, ಅಡ್ಡಹೊಲಿಗೆಯ ಮೇಲೊಂದು ಗಂಟು. "ಹಳೀ ಗಾದಿ, ಆದ್ರ ಭಾಳ ಮೆತ್ತಗದ. ಈಗ ಇಂಥಾ ಕೆಲಸ ಮಾಡೋರು ಊರಾಗ ಯಾರೂ ಉಳಿದಿಲ್ಲ," ಎಂದಿದ್ದರು ಗೌಡರು. ಎಲ್ಲಿ ಹೋದರು ಎಂದು ಕೇಳುವ ಬದಲು ಕರೀಮ್ ಆ ಗಂಟಿನ ಮೇಲೆ ತಲೆಯಿಟ್ಟು ಮಲಗಿದ.

ಅಂಬರಾಯನಿಗೆ ಏನೋ ವಾಸನೆ ಬಡಿದಿತ್ತು. "ಸಾಹೇಬ್ರ, ಶಹಾಬಾದದಾಗ ನಮ್ಮಂಗೇ ಚಂದ ಮಾತಾಡ್ತೀರಿ. ಈ ಊರಾಗ ಕಾಲಿಟ್ಟ ಕೂಡ್ಲೆ ನಿಮ್ಮ ಕನ್ನಡ ಯಾಕ ಬೂಟು ಹಾಕ್ಕೊಂಡು ನಡೀಲಿಕತ್ತದ?" ಎಂದು ಒಮ್ಮೆ ಚುಚ್ಚಿದ್ದ. ಕರೀಮ್ ನಕ್ಕು ಮಾತು ಹಾರಿಸಿದ್ದ.

ಚಿತ್ರ ಮುಗಿಯಲು ಇನ್ನೊಂದೇ ಕೊರತೆ. ಮರೆಮ್ಮ ಒಲ್ಲೆನೆನ್ನುತ್ತಿದ್ದಳು. ಕ್ಯಾಮೆರಾ ಹೊರಗಿದ್ದರೆ ಅವಳ ಹರಿಗೋಲು ನೀರಿಗಿಳಿಯುವುದಿಲ್ಲ. ಪೆಟ್ಟಿಗೆಯೊಳಗೆ ಹೋದರೆ ಮಾತ್ರ ಇಳಿಯುತ್ತದೆ. ಊರೆಲ್ಲ ಕೂಗಿ ಹರಿಗೋಲು ಬಾರದೆ ಹೋದರೆ ಅದು ಚಿತ್ರವಲ್ಲ, ದೂರು. ಒಂದು ರೀಲು ಮಾತ್ರ ಉಳಿದಿತ್ತು. ಗೌಡರ ಕೆಮ್ಮು ತೆಗೆದ ದಿನವೇ ಮಧ್ಯಾಹ್ನ ಕರೀಮ್ ಕೈ ಬೀಸಿಕೊಂಡು ಹುಣಸೆಮರದ ಕೆಳಗೆ ಹೋದ. ಮನುಷ್ಯರನ್ನು ಒಲಿಸಿಕೊಳ್ಳುವ ತನ್ನ ವಿದ್ಯೆಯ ಮೇಲೆ ಅವನಿಗೆ ಪೂರಾ ಭರವಸೆ.

ಮರೆಮ್ಮ ಹರಿಗೋಲನ್ನು ಬೋರಲು ಹಾಕಿ, ಅದರ ತೊಗಲಿಗೆ ಬಟ್ಟೆಯುಂಡೆಯಿಂದ ಎಣ್ಣೆ ತಿಕ್ಕುತ್ತಿದ್ದಳು. ಗಂಡ ಸಾಬಣ್ಣ ಸತ್ತ ಮೇಲೆ ಹುಟ್ಟು ಹಿಡಿದವಳು; ತೋಳು ಇನ್ನೂ ಗಟ್ಟಿ.

"ನಾ ಬರಂಗಿಲ್ಲ ಅಂದ್ರ ಬರಂಗಿಲ್ರಿ ಸಾಹೇಬ್ರ," ಎಂದಳು, ಅವನು ಬಾಯಿ ತೆಗೆಯುವ ಮೊದಲೇ.

"ಯಾಕೆ ಎಂದಾದರೂ ಹೇಳಬೇಕು."

"ನೀವು ಎಲ್ಲಾರಿಗೂ ಏನು ಕೇಳ್ತೀರಿ?"

"ನೀವು ಯಾರು, ಯಾವ ಮನೆಯವರು ಎಂದು."

"ಹೇಳ್ತಾರ?"

"ಎಲ್ಲರೂ ಹೇಳಿದ್ದಾರೆ."

"ನಿಮಗ ಯಾರರ ಕೇಳ್ಯಾರೇನು?"

ಕರೀಮ್ ಕನ್ನಡಕ ಸರಿಪಡಿಸಿಕೊಂಡ. ಮರೆಮ್ಮ ಕೈಕೆಲಸ ಬಿಡದೆ ಹೇಳಿದಳು:

"ಮೊದಲನೇ ದಿನ ನನ್ನ ಹರಿಗೋಲು ಹತ್ತುವಾಗ ಬೂಟು ಕಳದು ಕೈಯಾಗ ಹಿಡದ್ರಿ. ಬಗ್ಗಿ ನೀರು ಮುಟ್ಟಿ ಅಂಚಿಗಿ ಹಚ್ಚಿ, ಹಣಿಗಿ ಹಚ್ಕೊಂಡ್ರಿ. ತೊಗಲಿನ ಮ್ಯಾಲ ಕಾಲಿಡೋ ಮುಂದ ಹಂಗ ಮಾಡೋರು ಈ ಊರಿನ ಮಂದಿ. ಹೈದ್ರಾಬಾದಿನ ಸಾಹೇಬ್ರು ಬೂಟಿನ ಮ್ಯಾಲೇ ಜಿಗೀತಾರ. ಆಮ್ಯಾಲ ನಿಮಗ ಸಾಹೇಬ್ರು ಅನ್ನೋದು ನೆನಪಾತು. ಹೋಗಿ ನಡುವ ಕುಂತ್ರಿ, ಪೆಟ್ಟಿಗಿ ಸಂಗಾಟ. ದನಿ ಮಾತ್ರ ನಿಮ್ಮಪ್ಪಂದೇ."

ಕೈ ತಾನಾಗಿ ಮಾಡಿದ ತಪ್ಪು ಅದು; ಕರೀಮನಿಗೆ ನೆನಪೂ ಇರಲಿಲ್ಲ. ಇಷ್ಟು ದಿನ ಊರೆಲ್ಲದರ ಮುಖ ನೋಡುತ್ತಿದ್ದೇನೆ ಎಂದುಕೊಂಡಿದ್ದವನನ್ನು ಈ ಮುದುಕಿ ಮೊದಲ ದಿನವೇ ಓದಿ ಮುಗಿಸಿದ್ದಳು. ಅವನ ಕನ್ನಡದ ಬೂಟು ಆ ಕ್ಷಣವೇ ಕಳಚಿತು.

"ಮತ್ತ ಯಾಕ ಏನೂ ಅನ್ಲಿಲ್ಲ ಮರೆಮ್ಮವ್ವಾ?"

"ನಿಮ್ಮ ಮನಿ ಹೆಸರು ನಾ ಯಾಕ ಹೇಳ್ಲಿರಿ ಸಾಹೇಬ್ರ? ಅದು ನಿಮ್ಮ ಬಾಯಾಗಿಂದು." ಸಾಹೇಬ್ರ ಎನ್ನುವುದನ್ನು ಅವಳು ಬೇಕೆಂದೇ ಬಿಡಲಿಲ್ಲ. ಸ್ವಲ್ಪ ಹೊತ್ತು ಎಣ್ಣೆ ತಿಕ್ಕಿ, ದನಿ ತಗ್ಗಿಸಿದಳು. "ನಬೀಸಾಬಣ್ಣ ಕರದ ದಿವ್ಸ ನನ್ನ ಗಂಡ ಹುಟ್ಟು ಕೈಯಾಗ ಹಿಡಕೊಂಡೇ ನಿಂತಿದ್ದ. ದಂಡಿ ಮ್ಯಾಲ ಮಂದಿ ಇದ್ರು. ಓ ಅಂದ್ರ, ನೀ ಯಾರ ಕಡೀಂವ ಅಂತ ಕೇಳೋ ಕಾಲ ಅದು. ಎಲ್ಲಾರೂ ಗೌಡ್ರ ಮಾರಿ ನೋಡಿದ್ರು. ಗೌಡ್ರು ನೆಲ ನೋಡಿದ್ರು. ಓ ಇಲ್ದ ಹರಿಗೋಲು ಹೋಗಂಗಿಲ್ಲ, ಅದು ಹಿರೇರ ಕಾಲದ ಕಟ್ಟಳಿ. ಕಟ್ಟಳಿ ಅಂತ ನಾವೂ ಕುಂತೇವು. ಸಾಯೋ ತನಕ ಅಂವ ಅದನ್ನೇ ಅಂತಿದ್ದ, ಕಟ್ಟಳಿ ಮುರದು ಹೋಗಬೇಕಿತ್ತು ಅಂತ."

ಕರೀಮನ ಕಣ್ಣು ತುಂಬಿ ಬಂತು. ಸಿಟ್ಟೋ ದುಃಖವೋ ಅವನಿಗೇ ತಿಳಿಯಲಿಲ್ಲ. ಅಪ್ಪನ ಕಥೆಯಲ್ಲಿ ಈ ದಡದ ಜನಕ್ಕೆ ಮುಖವೇ ಇರಲಿಲ್ಲ. ಈಗ ಹುಟ್ಟು ಹಿಡಿದು ನಿಂತ ಒಬ್ಬ ಮನುಷ್ಯ ಕಾಣಿಸಿದ.

"ನೀವು ಕರೀರಿ," ಎಂದಳು ಮರೆಮ್ಮ. "ಎಲ್ಲಾರಿಗೂ ಕರಿಸಿ ನೀವು ಆ ಡಬ್ಬಿ ಹಿಂದ ಅಡಗಿದ್ರ ಹೆಂಗ? ಊರು ಓ ಅಂದ್ರ ನಾ ಬರ್ತೀನಿ. ನಿಮಗ ಬೇಕಾದಷ್ಟು ಚಿತ್ರ ತೆಗೀರಿ."

"ಅನ್ನಲಿಲ್ಲಂದ್ರ?"

ಮರೆಮ್ಮ ಬಟ್ಟೆಯುಂಡೆಯನ್ನು ಎಣ್ಣೆಗೆ ಅದ್ದಿದಳು. "ಕರದು ನೋಡ್ರಿ."

ಮರುದಿನ ಬೆಳಿಗ್ಗೆ ಬಿಸಿಲು ನೀರಿಗಿಳಿಯುವ ಹೊತ್ತಿಗೆ ಕರೀಮ್ ಈಚೆ ದಡದಲ್ಲಿದ್ದ. ದಾಟಿಸಿ ಬಿಟ್ಟು ಹೋದವಳು ಮರೆಮ್ಮನೇ. ಕ್ಯಾಮೆರಾಕ್ಕೆ ಕೊನೆಯ ರೀಲು ಹಾಕಿ, ಚಾವಿ ಕೊಟ್ಟು, ಅವನು ಅದನ್ನು ಅಂಬರಾಯನ ಕೈಗಿಟ್ಟ.

"ಎಪ್ಪಾ, ನನಗ ತೋರ್ಸೋದು ಗೊತ್ತದ, ತೆಗಿಯೋದು ಗೊತ್ತಿಲ್ಲ," ಎಂದು ಅಂಬರಾಯ ಹಿಂದೆ ಸರಿದ.

"ನನ್ನ ಮಾರಿ ಹಿಡಿ. ಹರಿಗೋಲು ಬಂದ್ರ ಅದರ ಕಡಿ ತಿರುಗ್ಸು. ಅಷ್ಟೇ."

"ಬಂದ್ರ ಅಂದ್ರ? ಬರಂಗಿಲ್ಲೇನು?" ಎಂದವನು ಕರೀಮನ ಮುಖ ನೋಡಿ, ತೆಪ್ಪಗೆ ನೆಲದ ಮೇಲೆ ಕುಳಿತು, ಕರೀಮ್ ಎಲ್ಲರಿಗೂ ಹಿಡಿಯುತ್ತಿದ್ದ ಹಾಗೆಯೇ ಕಣ್ಣಿನ ಎತ್ತರಕ್ಕೆ ಕ್ಯಾಮೆರಾ ಹಿಡಿದ.

ಆಚೆ ದಡದಲ್ಲಿ ದಿನದ ಗದ್ದಲವಿತ್ತು. ಹಣಮಮ್ಮ ಮತ್ತು ಅವಳ ಓರಗೆಯ ಹೆಂಗಸರು ಬಂಡೆಗೆ ಬಟ್ಟೆ ಬಡಿಯುತ್ತಿದ್ದರು. ಯಾರೋ ಎತ್ತು ತೊಳೆಯುತ್ತಿದ್ದರು. ಇವತ್ತು ಯಾರ ಸರದಿ ನೋಡೋಣವೆಂದು ಗೌಡರೂ ರುಮಾಲು ಸುತ್ತಿಕೊಂಡು ಬಂದು ನಿಂತಿದ್ದರು. ಕರೀಮ್ ಟೋಪಿ ತೆಗೆದ, ಕನ್ನಡಕ ತೆಗೆದು ಜೇಬಿಗಿಟ್ಟ. ಎದುರಿನ ಜನ ಮಸುಕಾದರು. ಅದೇ ಒಳ್ಳೆಯದಾಯಿತು.

"ಮರೆಮ್ಮೋ... ಪಿಂಜಾರ ಮನೀ..."

ದನಿ ಒಳ್ಳೆಯ ದನಿ, ಅಪ್ಪನದೇ. ಹೊಳೆ ದಾಟಿ ಹೋಗಿ ಊರ ಗೋಡೆಗಳಿಗೆ ಬಡಿಯಿತು. ಬಟ್ಟೆ ಬಡಿಯುವ ಸದ್ದು ನಿಂತಿತು. ಅಷ್ಟೇ. ಕೈಗಳೆಲ್ಲ ಎತ್ತಿದಲ್ಲೇ ನಿಂತವು, ಯಾರೂ ತುಟಿ ಬಿಚ್ಚಲಿಲ್ಲ.

ಕರೀಮನಿಗೆ ಅಂಜಿಕೆಯಾಯಿತು. ಮುಂಬಯಿಯಲ್ಲಿ ಹೈದರಾಬಾದಿನವನು, ಹೈದರಾಬಾದಿನಲ್ಲಿ ಕನ್ನಡದವನು, ಇಲ್ಲಿ ಸಾಹೇಬ ಎಂದು ಎಲ್ಲೆಲ್ಲೂ ಸಲೀಸಾಗಿ ಓಡಾಡಿಕೊಂಡಿದ್ದ ಮನುಷ್ಯನಿಗೆ, ಆ ದಡದಿಂದ ಒಂದಕ್ಷರ ಬಾರದಿದ್ದರೆ ತಾನು ಎಲ್ಲಿಯವನೂ ಅಲ್ಲ ಎನಿಸಿತು. ತಿರುಗಿ ಹೋಗಿಬಿಡಬಹುದಿತ್ತು. ಪಕ್ಕದಲ್ಲಿ ಕ್ಯಾಮೆರಾ ಗಿರಗಿರ ತಿರುಗುತ್ತಲೇ ಇತ್ತು. ಅಪ್ಪ ಹೊತ್ತು ಇಳಿಯುವ ತನಕ ಕೂಗಿದ್ದ. ತಾನು ಒಂದೇ ಕೂಗಿಗೆ ಸೋತರೆ ಹೇಗೆ?

"ಮರೆಮ್ಮೋ..." ಈ ಸಲ ಎದೆಯಲ್ಲಿದ್ದ ಉಸಿರನ್ನೆಲ್ಲ ಹಾಕಿದ. "ಪಿಂಜಾರ ಮನೀ... ನಬೀಸಾಬನ ಮನೀ..."

ಆಚೆ ದಡದಲ್ಲಿ ಬಿಳಿಯ ರುಮಾಲೊಂದು ಅಲುಗಿತು. ಗೌಡರು ಎರಡು ಹೆಜ್ಜೆ ಮುಂದೆ ಬಂದರು, ಚಪ್ಪಲಿ ಸಮೇತ ನೀರಿಗಿಳಿದರು. ಎಲ್ಲರೂ ಅವರ ಮುಖ ನೋಡುತ್ತಿದ್ದರು. ಈ ಸಲ ಅವರು ನೆಲ ನೋಡಲಿಲ್ಲ.

"ಓ..." ಎಂದರು ಅಮೃತಪ್ಪ ಗೌಡರು.

ಅರ್ಧ ಹೊಳೆಗೂ ಮುಟ್ಟುವ ದನಿಯಲ್ಲ ಅದು. ಕೊನೆಗೆ ಕೆಮ್ಮೂ ಬಂತು. ಆದರೆ ಬೆನ್ನಿಗೇ ಹಣಮಮ್ಮ ಒದ್ದೆ ಸೀರೆ ಬಂಡೆಯ ಮೇಲೆ ಒಗೆದು ನಿಂತು, ಗಂಟಲು ಬಿಚ್ಚಿ, "ಓ... ಪಿಂಜಾರ ಮನಿಯವರು ಬಂದಾರ..." ಎಂದು ಕೂಗಿದಳು. ಹೆಂಗಸರು ಅದನ್ನು ಎತ್ತಿಕೊಂಡರು. ಎತ್ತು ತೊಳೆಯುವವನು ಎತ್ತಿಕೊಂಡ. ಓ ಎನ್ನುವುದು ದಡದುದ್ದಕ್ಕೂ ಹರಿದು ಹುಣಸೆಮರದ ತನಕ ಹೋಯಿತು. ಕರೀಮನಿಗೆ ಅಳು ಬಂತು. ಅವನು ಅದನ್ನು ತಡೆಯಲೂ ಇಲ್ಲ, ಒರೆಸಿಕೊಳ್ಳಲೂ ಇಲ್ಲ.

ಮರೆಮ್ಮನ ಹರಿಗೋಲು ನೀರಿಗಿಳಿಯಿತು. ಸುತ್ತು ಹೊಡೆಯುತ್ತ, ಸೆಳವಿನ ಅಡ್ಡಕ್ಕೆ ಬಾಗುತ್ತ ಬಂತು. ಅಂಬರಾಯ ಹೇಳಿದ ಹಾಗೆಯೇ ಕ್ಯಾಮೆರಾವನ್ನು ಅದರ ಕಡೆ ತಿರುಗಿಸಿದ. ಹರಿಗೋಲು ನಡುಹೊಳೆಗೆ ಬರುವಷ್ಟರಲ್ಲಿ ಗಿರಗಿರ ಸದ್ದು ಬದಲಾಗಿ, ಟಪಟಪ ಎಂದು ನಿಂತಿತು.

"ರೀಲ್ ಮುಗೀತ್ರಿ ಸಾಹೇಬ್ರ," ಎಂದ ಅಂಬರಾಯ, ಮುಖ ಇಷ್ಟು ಮಾಡಿಕೊಂಡು. "ಅರ್ಧ ಹೊಳ್ಯಾಗೇ ಕೈಬಿಡ್ತು. ಈಕಡಿ ಮುಟ್ಟೋದು ಬರ್ಲಿಲ್ಲ."

"ಇರ್ಲಿ ಬಿಡೋ ಅಂಬರಾಯ. ಮುಟ್ಟೋದು ನಮಗ ಇರ್ಲಿ."

ಹರಿಗೋಲು ದಡಕ್ಕೆ ಹತ್ತಿತು. ಕರೀಮ್ ಬೂಟು ಕಳಚಿ ಕೈಯಲ್ಲಿ ಹಿಡಿದ. ಬಗ್ಗಿ ನೀರು ಮುಟ್ಟಿ ಅಂಚಿಗೆ ಹಚ್ಚಿದ, ಹಣೆಗೆ ಹಚ್ಚಿಕೊಂಡ. ಒಳಗೆ ಕಾಲಿಟ್ಟು, ಇಷ್ಟು ದಿನದ ರೂಢಿಯಂತೆ ನಡುವಿನ ಕಡೆಗೆ ಹೊರಟ. ಮರೆಮ್ಮ ಹುಟ್ಟಿನ ತುದಿಯಿಂದ ಸೋರೆ ಬುರುಡೆಯನ್ನು ಅಂಚಿನ ಕಡೆಗೆ ತಳ್ಳಿದಳು.

"ನೀರು ಭಾಳ ತುಂಬ್ಯಾದ," ಎಂದಳು. "ಅಲ್ಲಿ ಕುಂದ್ರು. ಮೊಗಿ."

ಅಂಬರಾಯ ಕ್ಯಾಮೆರಾದ ಪೆಟ್ಟಿಗೆಯನ್ನೂ ದನಿಯ ಪೆಟ್ಟಿಗೆಯನ್ನೂ ಅಪ್ಪಿಕೊಂಡು ನಡುವೆ ಕುಳಿತ. ಕರೀಮ್ ಅಂಚಿಗೆ ಕುಳಿತು, ಬುರುಡೆ ತುಂಬ ನೀರು ಮೊಗೆದು ಹೊಳೆಗೆ ಚೆಲ್ಲಿದ, ಮತ್ತೆ ಮೊಗೆದ. ಎದುರಿನ ಬಂಡೆಗಳ ಮೇಲೆ ಬಟ್ಟೆ ಬಡಿಯುವ ಸದ್ದು ಮತ್ತೆ ಶುರುವಾಗಿತ್ತು.